ಹೊಸ ಸೊಸೆಯರ ವಾರ್ಡು

ಕಳೆದ ವಾರ ಕಡೂರಿನ ಪುರಸಭೆ ಮುಂದೆ ಹಾದು ಹೋಗುತ್ತಿದ್ದಾಗ ಗೋಡೆಗೆ ಮತದಾರರ ಪಟ್ಟಿ ಅಂಟಿಸುತ್ತಿದ್ದರು. ಮೈದಾ ಕುದಿಸಿ ಮಾಡಿದ ಅಂಟಿನ ವಾಸನೆ ಮೂಗಿಗೆ ಬಡಿಯಿತು. ಪಕ್ಕದಲ್ಲಿದ್ದ ಹೆಂಗಸು ಸೆರಗಿನಿಂದ ಮೂಗು ಮುಚ್ಚಿಕೊಂಡಳು. ನನಗೆ ನಗು ಬಂತು. ಗೊತ್ತಿದ್ದೂ ಗೊತ್ತಿದ್ದೂ ನಮ್ಮ ಹಳೆಯ ವಾರ್ಡಿನ ನಂಬರು ಹುಡುಕಿದೆ. ನಂಬರು ಇತ್ತು. ಅದರ ಕೆಳಗಿದ್ದ ಬೀದಿಗಳು ನಮ್ಮವಲ್ಲ, ಊರಿನ ಇನ್ನೊಂದು ತುದಿಯವು. ನಮ್ಮ ಮೂರು ಬೀದಿಗಳನ್ನು ಮೂರು ಕಡೆಗೆ ಹಂಚಿ ಆಗಲೇ ಕೆಲವು ವರ್ಷಗಳಾಗಿವೆ.

ನಮ್ಮ ವಾರ್ಡಿನ ಇತಿಹಾಸ ಬರೆಯುವವರು ಯಾರೂ ಇಲ್ಲ, ಹಾಗಾಗಿ ನಾನೇ ಬರೆಯುತ್ತಿದ್ದೇನೆ. ಅದು ಹುಟ್ಟಿದ್ದು ಗೆರೆ ಎಳೆಯುವವರ ಕೈಯಿಂದ, ಹೋಗಿದ್ದೂ ಅವರ ಕೈಯಿಂದಲೇ. ಎರಡು ದೊಡ್ಡ ವಾರ್ಡುಗಳ ಜನಸಂಖ್ಯೆ ಸರಿ ಮಾಡುವಾಗ, ರವಿಕೆಗೆ ಬಟ್ಟೆ ಕತ್ತರಿಸಿದ ಮೇಲೆ ಉಳಿಯುವ ತುಂಡಿನ ಹಾಗೆ, ರೈಲ್ವೆ ಗೇಟಿನ ಪಕ್ಕದ ಮೂರು ಬೀದಿಗಳು ಉಳಿದುಕೊಂಡವು. ಆ ತುಂಡಿಗೆ ಒಂದು ನಂಬರು ಕೊಟ್ಟರು, ಒಬ್ಬ ಸದಸ್ಯರನ್ನು ಆರಿಸಿಕೊಳ್ಳಿ ಎಂದರು, ಮಹಿಳೆಯರಿಗೆ ಮೀಸಲು ಎಂದರು. ಊರಿನವರು ಅದನ್ನು ಗೇಟ್ ವಾರ್ಡು ಎಂದೇ ಕರೆದರು. ಅದು ಕಂಡದ್ದು ಒಂದೇ ಒಂದು ಚುನಾವಣೆ.

ಆ ಮೂರು ಬೀದಿಗಳ ಕಷ್ಟವೂ ಈ ಗೆರೆಗಳದ್ದೇ. ಈ ಕಡೆಯ ವಾರ್ಡಿನ ನೀರಿನ ಪೈಪು ನಮ್ಮ ಮೊದಲ ಬೀದಿಯ ಮೂಲೆಯಲ್ಲಿ ನಿಂತುಬಿಡುತ್ತಿತ್ತು. ಆ ಕಡೆಯದು ಮೂರನೇ ಬೀದಿಯ ಹಿಂದೆ ನಿಲ್ಲುತ್ತಿತ್ತು. ನಡುವಿನವರು ಬಿಂದಿಗೆ ಹಿಡಿದು ಹಳಿ ದಾಟಿ ಹೋಗಿ ಆಚೆಯ ನಲ್ಲಿಯಲ್ಲಿ ನೀರು ತರಬೇಕಿತ್ತು. ಗೇಟು ಬಿದ್ದರೆ ತುಂಬಿದ ಬಿಂದಿಗೆ ಸೊಂಟದಲ್ಲಿಟ್ಟುಕೊಂಡು ರೈಲು ಹೋಗುವವರೆಗೆ ನಿಲ್ಲಬೇಕು. ನಾನು ಯಗಟಿಯವಳು, ನೀರಿನ ಬೆಲೆ ಗೊತ್ತಿದ್ದವಳು. ಆದರೂ ಪಟ್ಟಣಕ್ಕೆ ಮದುವೆಯಾಗಿ ಬಂದು ಮೊದಲ ವಾರವೇ ಸೊಂಟದ ಮೇಲೆ ಬಿಂದಿಗೆ ಇಟ್ಟುಕೊಂಡು ಗೂಡ್ಸ್ ರೈಲಿನ ಡಬ್ಬಿ ಎಣಿಸುತ್ತೇನೆ ಅಂದುಕೊಂಡಿರಲಿಲ್ಲ.

ನಮ್ಮತ್ತೆ ಗೌರಮ್ಮ ಗೇಟಿನ ಹತ್ತಿರ ಹಿಟ್ಟಿನ ಗಿರಣಿ ನಡೆಸುತ್ತಿದ್ದರು. ಈಗಲೂ ಅವರೇ ನಡೆಸುತ್ತಾರೆ, ಮಗನಿಗೆ ಬೆಲ್ಟು ಹಾಕುವುದು, ಸವೆದ ಬೀಸುಗಲ್ಲಿಗೆ ಹಲ್ಲು ಕೊರೆಯುವುದು ಅಷ್ಟೇ ಬಿಟ್ಟುಕೊಟ್ಟಿದ್ದಾರೆ. ಎಲ್ಲರ ಬಾಯಲ್ಲೂ ಅವರು ಮಿಲ್ ಗೌರಮ್ಮ. ಮಾತು ಕಡಿಮೆ. ದಿನವಿಡೀ ಗಿರಣಿಯ ಸದ್ದಿನಲ್ಲಿ ಇದ್ದವರಿಗೆ ಮಾತಾಡಿ ಏನು ಪ್ರಯೋಜನ ಅನ್ನುವ ಅಭ್ಯಾಸವಾಗಿ ಹೋಗಿರುತ್ತದೆ. ಹಿಟ್ಟನ್ನು ಎರಡು ಬೆರಳ ನಡುವೆ ತಿಕ್ಕಿ ನೋಡಿ ತಲೆ ಆಡಿಸಿದರೆ ಸರಿಯಾಗಿದೆ ಎಂದು ಅರ್ಥ, ತಲೆ ಆಡಿಸದಿದ್ದರೆ ಇನ್ನೊಮ್ಮೆ ಹಾಕಬೇಕು. ಮದುವೆಯಾಗಿ ಮೂರು ತಿಂಗಳು ನನ್ನನ್ನೂ ಹಾಗೇ ಬೆರಳಲ್ಲಿ ತಿಕ್ಕಿ ನೋಡುತ್ತಿದ್ದಾರೆ ಅನ್ನಿಸುತ್ತಿತ್ತು. ತಲೆ ಆಡಿಸಿದ್ದು ಮಾತ್ರ ಕಾಣಲಿಲ್ಲ.

ಆ ಚುನಾವಣೆಗೆ ನಮ್ಮತ್ತೆ ನಿಂತರು, ಎದುರಾಳಿಯಾಗಿ ನಿಂತವರು ಬಳೆ ಅಂಗಡಿ ಶಾರದಮ್ಮ. ಎರಡನೇ ಬೀದಿಯಲ್ಲಿ ಅವರ ಅಂಗಡಿ. ವಾರ್ಡಿನ ಹೆಂಗಸರೆಲ್ಲ ಹಿಟ್ಟಿಗೆ ನಮ್ಮತ್ತೆ ಹತ್ತಿರ ಬರಬೇಕು, ಬಳೆಗೆ ಅವರ ಹತ್ತಿರ ಹೋಗಬೇಕು. ಒಬ್ಬರನ್ನು ಬಿಟ್ಟರೆ ಹಸಿವು, ಇನ್ನೊಬ್ಬರನ್ನು ಬಿಟ್ಟರೆ ಬೋಳು ಕೈ. ಹಾಗಾಗಿ ಯಾರೂ ಯಾರಿಗೂ ಇಲ್ಲ ಅನ್ನಲಿಲ್ಲ. ಇಬ್ಬರೂ ಪಕ್ಷವಿಲ್ಲದೆ ನಿಂತರು. ಶಾರದಮ್ಮನಿಗೆ ಹೊಲಿಗೆ ಯಂತ್ರದ ಚಿಹ್ನೆ ಸಿಕ್ಕಿತು, ನಮ್ಮತ್ತೆಗೆ ಟೇಬಲ್ ಫ್ಯಾನು. ಹೊರಗೆ ಮುಂಗಾರಿನ ಗಾಳಿ ಹಂಚು ಹಾರಿಸುವ ಹಾಗೆ ಬೀಸುತ್ತಿದ್ದಾಗ ಫ್ಯಾನಿಗೆ ಓಟು ಕೇಳಬೇಕಾದ ನಮ್ಮ ಅವಸ್ಥೆ ನೋಡಿ ಗೇಟ್‌ಮನ್ ಕೂಡ ನಗುತ್ತಿದ್ದ. ನಾವು ಗಿರಣಿಯ ಹಿತ್ತಲಲ್ಲಿ ಹಂಡೆಯಲ್ಲಿ ಮೈದಾ ಅಂಟು ಕುದಿಸಿ, ಆ ಫ್ಯಾನಿನ ಚಿತ್ರವನ್ನು ಗೋಡೆ ಗೋಡೆಗೆ ಅಂಟಿಸಿದೆವು. ಮಾರನೇ ದಿನ ಗಾಳಿ ಅದನ್ನು ಕಿತ್ತು ಹಳಿಯ ಮೇಲೆ ಹಾಕುತ್ತಿತ್ತು, ಮತ್ತೆ ಅಂಟಿಸುತ್ತಿದ್ದೆವು.

ಅತ್ತೆಯ ಪರವಾಗಿ ಲೆಕ್ಕಾಚಾರ ನೋಡಿಕೊಂಡವರು ರಂಗಪ್ಪಮಾವ. ನಮಗೆ ನೆಂಟರಲ್ಲ, ನಿವೃತ್ತ ಪೋಸ್ಟ್‌ಮನ್. ಮದುವೆಯಾಗದ ಮನುಷ್ಯ. ಮೂವತ್ತು ವರ್ಷ ಪ್ರತಿ ಮನೆಗೆ ಕಾಗದ ಕೊಟ್ಟವರು, ಯಾರು ಯಾರಿಗೆ ಹಾಕುತ್ತಾರೆ ಅನ್ನುವುದನ್ನು ಮುಖ ನೋಡಿಯೇ ಹೇಳುತ್ತೇನೆ ಅನ್ನುತ್ತಿದ್ದರು. ಚುನಾವಣೆ ಬರುತ್ತದೆ ಅನ್ನುವ ಸುದ್ದಿ ಹುಟ್ಟಿದ ದಿನವೇ ಅವರು ಗಿರಣಿಗೆ ಬಂದು ಹಿಟ್ಟಿನ ಡಬ್ಬದ ಮೇಲೆ ಕೂತು ಪಟ್ಟಿ ಬಿಚ್ಚಿದ್ದರು.

“ಗೌರಮ್ನೋರೆ, ನಾನು ಎಂಗೆ ಕೂಡಿದ್ರೂ ಇಬ್ರಿಗೂ ಸಮ ಬತ್ತದೆ ಕಣ್ರೀ. ಅತ್ಲಾಗೂ ಇಲ್ಲ, ಇತ್ಲಾಗೂ ಇಲ್ಲ.”

“ಅದ್ಕೆ ಏನ್ಮಾಡನ?” ಅಂದರು ಅತ್ತೆ.

“ಹೊಸ ಓಟು ತರಬೇಕು. ಈ ವರ್ಷ ನಮ್ ಮೂರು ಬೀದಿಗೆ ಎಷ್ಟು ಸೊಸೇರು ಬಂದವ್ರೆ ಹೇಳಿ? ಆರು! ಆರು ಜನದ್ದೂ ಹೆಸ್ರು ಇನ್ನೂ ತವರಲ್ಲೇ ಅದೆ. ಇಲ್ಲಿಗೆ ಬರ್ಸಿಬಿಡನ. ನಮ್ ಕಡೆ ಮನೆ ಸೊಸೇರೇ ಜಾಸ್ತಿ.”

ಆರರಲ್ಲಿ ನಾನೊಬ್ಬಳು. ಇನ್ನೊಬ್ಬಳು ಶಾರದಮ್ಮನ ಸೊಸೆ ಸುಮಾ, ಶಿವನಿಯವಳು. ಅಜ್ಜಂಪುರದ ಕಾವ್ಯ, ತರೀಕೆರೆಯಿಂದ ಒಂದೇ ಮನೆಯ ಅಣ್ಣತಮ್ಮಂದಿರಿಗೆ ಬಂದ ಅಕ್ಕತಂಗಿ, ಹೆಬ್ಬೆ ಕಡೆಯ ಒಬ್ಬ ಹುಡುಗಿ ಜಾನಕಿ. ಆರೂ ಜನ ಫಾರಂ ತುಂಬಿದೆವು. ಫೋಟೋ ಬೇಕು ಅಂದಾಗ ಎಲ್ಲರ ಮನೆಯಲ್ಲೂ ಇದ್ದದ್ದು ಮದುವೆ ಆಲ್ಬಮ್ಮು. ರಂಗಪ್ಪಮಾವ ಕತ್ತರಿ ಹಿಡಿದು ಗಂಡಂದಿರನ್ನೆಲ್ಲ ಕತ್ತರಿಸಿ ತೆಗೆದು ನಮ್ಮ ಮುಖಗಳನ್ನಷ್ಟೇ ಅಂಟಿಸಿದರು. ಆಫೀಸಿನಲ್ಲಿ ಆರೂ ಫಾರಂ ವಾಪಸ್ಸಾದವು. ಬಾಸಿಂಗ ಕಟ್ಟಿಕೊಂಡ ಫೋಟೋ ನಡೆಯುವುದಿಲ್ಲವಂತೆ, ಹಣೆ ಕಾಣಬೇಕಂತೆ. ಆಮೇಲೆ ಆರೂ ಜನ ಸಾಲಾಗಿ ಸ್ಟುಡಿಯೋಗೆ ಹೋದೆವು. ಫೋಟೋದವನು “ನಗಬಾರದು” ಅಂದಷ್ಟೂ ಸುಮಾ ನಗುತ್ತಿದ್ದಳು, ಅವಳನ್ನು ನೋಡಿ ನಾನು. ಕಡೂರಿನಲ್ಲಿ ನನಗೆ ಮೊದಲು ಗೆಳತಿ ಅಂತ ಆದದ್ದು ಆ ಸ್ಟುಡಿಯೋದ ಬೆಂಚಿನ ಮೇಲೆ.

ಗುರುತಿನ ಚೀಟಿ ಬಂದ ದಿನ ನಾನು ಅದನ್ನು ಅಡುಗೆಮನೆಯ ಕಪಾಟಿನಲ್ಲಿಟ್ಟು ಮೂರು ಸಲ ತೆಗೆದು ನೋಡಿದೆ. ನನ್ನ ಹೆಸರು, ಗಂಡನ ಹೆಸರು, ಗೇಟ್ ಬೀದಿಯ ಮನೆ ನಂಬರು. ನಾನು ಈ ಮನೆಯವಳು ಅಂತ ಮೊದಲು ಒಪ್ಪಿಕೊಂಡದ್ದು ಸರ್ಕಾರ.

ಅತ್ತೆ ಓಟು ಕೇಳಲು ಹೊರಟರು. ಭಾಷಣ ಇಲ್ಲ, ಕೂಗು ಇಲ್ಲ. ಬಾಗಿಲ ಮುಂದೆ ನಿಂತು ಹಿಟ್ಟು ಮೆತ್ತಿದ ಕೈ ಮುಗಿದು, “ನೀರಿನ ಲೈನ್ ಮಾಡಿಸ್ತೀನಿ, ಓಟು ಕೊಡಿ” ಅನ್ನುವುದು, ಮುಂದಿನ ಮನೆಗೆ ಹೋಗುವುದು. ಮಾತು ಬಿಟ್ಟ ಮನೆಗಳಿಗೂ ಹೋದರು. ಶಾರದಮ್ಮನ ಮನೆಗೂ ಹೋಗಿ ಕೈ ಮುಗಿದರಂತೆ! ಸಂಜೆ ಮನೆಗೆ ಬಂದು ಊಟಕ್ಕೆ ಕೂತರು. ನಾನು ಮುದ್ದೆ ಬಡಿಸಿ, ಸಾರು ಬಡಿಸಿ, ಇನ್ನೇನು ಕೇಳುತ್ತಾರೆ ಅಂತ ಕಾದೆ. ಕೇಳಲಿಲ್ಲ. ಮಾರನೇ ದಿನವೂ ಕೇಳಲಿಲ್ಲ. ಇಡೀ ವಾರ್ಡಿನಲ್ಲಿ ನನ್ನತ್ತೆ ಓಟು ಕೇಳದೆ ಬಿಟ್ಟ ಒಂದೇ ಹೆಣ್ಣು ನಾನು. ನನಗೆ ಬೇಜಾರಾಯಿತು, ಸುಳ್ಳು ಯಾಕೆ ಹೇಳಲಿ. ನನ್ನನ್ನು ಮನೆಯ ಪಾತ್ರೆಗಳ ಜೊತೆ ಸೇರಿಸಿ ಎಣಿಸಿಬಿಟ್ಟಿದ್ದಾರೆ ಅಂದುಕೊಂಡೆ.

ಅಷ್ಟರಲ್ಲಿ, ಒಮ್ಮೆ ಮುಂದೂಡಿದ್ದ ಮತದಾನಕ್ಕೆ ಹೊಸ ದಿನ ಗೊತ್ತಾಯಿತು. ರಂಗಪ್ಪಮಾವ ಓಡಿಬಂದು ಹೇಳಿದರು. ಗಿರಣಿಯಲ್ಲಿದ್ದ ಹೆಂಗಸರೆಲ್ಲ ಸೇರಿ ವಾರ ಯಾವುದು, ಅವತ್ತು ಕರೆಂಟು ಇರುತ್ತದಾ, ಕೂಲಿಗೆ ಹೋಗುವವರು ಇರುತ್ತಾರಾ ಅಂತ ಎಲ್ಲ ವಿಚಾರ ಮಾಡಿದರು. ಮಾಡದ ವಿಚಾರ ಒಂದೇ.

ಆ ವಾರವೇ ಜ್ಯೇಷ್ಠ ಮುಗಿಯುತ್ತ ಬಂದಿತ್ತು. ಮದುವೆಯಾದ ಮೊದಲ ಆಷಾಢದಲ್ಲಿ ಅತ್ತೆ ಸೊಸೆ ಒಂದೇ ಹೊಸಿಲು ದಾಟಬಾರದು ಅನ್ನುವುದು ನಮ್ಮ ಕಡೆಯ ಶಾಸ್ತ್ರ. ಹೊಸ ಸೊಸೆ ತಿಂಗಳು ಪೂರ್ತಿ ತವರಲ್ಲಿ ಇರಬೇಕು. ಅಣ್ಣಂದಿರು, ಅಪ್ಪಂದಿರು ಒಬ್ಬೊಬ್ಬರಾಗಿ ಕರೆದೊಯ್ಯಲು ಬಂದರು. ಬೀದಿಯ ಹೆಂಗಸರು ಪ್ರತಿ ಸೊಸೆಗೂ ಅರಿಶಿನ ಕುಂಕುಮ ಇಟ್ಟು, ಮಡಿಲು ತುಂಬಿ, “ಗಂಡನ್ನ ನೆನಸ್ಕೊಂಡು ಸೊರಗಬ್ಯಾಡ ಕಣೇ” ಅಂತ ಕಿಚಾಯಿಸಿ ಬಸ್ಸು ಹತ್ತಿಸಿದರು. ನನಗೆ ಮಡಿಲು ತುಂಬಿದ್ದು ಅತ್ತೆಯೇ. ಕೊನೆಗೆ ಹೆಬ್ಬೆಯ ಜಾನಕಿಯನ್ನೂ ಕಳಿಸಿಕೊಟ್ಟು ಎಲ್ಲರೂ ಗಿರಣಿಗೆ ಬಂದು ಕೂತಾಗ, ರಂಗಪ್ಪಮಾವ ಪಟ್ಟಿಯಲ್ಲಿ ಹೊಸ ಓಟುಗಳ ಮುಂದೆ ಗುರುತು ಹಾಕಲು ಪೆನ್ನು ತೆಗೆದರಂತೆ. ತೆಗೆದವರು ಹಾಗೇ ನಿಂತುಬಿಟ್ಟರಂತೆ.

“ಅಯ್ಯೋ ಕೆಟ್ವಲ್ರಪ್ಪಾ! ನಮ್ ಓಟಿಗೆ ನಾವೇ ಮಡ್ಲು ತುಂಬ್ಸಿ ಬಸ್ ಹತ್ತಿಸ್ಬಿಟ್ವಲ್ರೀ!”

ಮತದಾನ ಆಷಾಢದ ನಟ್ಟನಡುವೆ ಬಿದ್ದಿತ್ತು. ಮದುವೆಯೇ ಆಗದ ರಂಗಪ್ಪಮಾವನಿಗೆ ಆಷಾಢ ನೆನಪಾಗದಿದ್ದರೆ ಕ್ಷಮಿಸಬಹುದು. ಆದರೆ ಅಲ್ಲಿ ಕೂತಿದ್ದ ಅಷ್ಟು ಜನ ಅತ್ತೆಯರಿಗೆ? ಒಬ್ಬರ ಮುಖ ಒಬ್ಬರು ನೋಡಿಕೊಂಡು ಮೊದಲು ಬೈದಾಡಿದರಂತೆ, ಆಮೇಲೆ ಹೊಟ್ಟೆ ಹಿಡಿದು ನಕ್ಕರಂತೆ. ನಗದೆ ಇದ್ದವರು ನಮ್ಮತ್ತೆ ಒಬ್ಬರೇ. ಸೊಸೆಯರನ್ನು ಒಂದು ದಿನಕ್ಕೆ ಕರೆಸೋಣ ಅಂತ ಯಾರೋ ಅಂದಾಗ ಅವರು ಒಪ್ಪಲಿಲ್ಲ. “ನನ್ ಓಟಿಗೋಸ್ಕರ ಯಾರ ಮನೆ ಶಾಸ್ತ್ರಾನೂ ಮುರಿಯದು ಬ್ಯಾಡ. ಯಾರಿಗೂ ಫೋನ್ ಮಾಡಿ ಬನ್ನಿ ಅನ್ನಬಾರ್ದು” ಅಂತ ಎಲ್ಲರಿಂದಲೂ ಆಣೆ ಮಾಡಿಸಿಕೊಂಡರು.

ಇದನ್ನೆಲ್ಲ ನನಗೆ ಫೋನಿನಲ್ಲಿ ಹೇಳಿದವರು ನಮ್ಮನೆಯವರು. ಕೊನೆಯಲ್ಲಿ, “ಅಮ್ಮ ನೀನು ಬರೋದು ಬೇಡ ಅಂದ್ರು” ಅಂದರು. ಯಗಟಿಯ ಜಗಲಿಯ ಮೇಲೆ ಕೂತು ಆ ಮಾತು ಕೇಳಿದೆ. ಬಾ ಅಂತ ಕೇಳಲಿಲ್ಲ, ಓಟು ಹಾಕು ಅಂತ ಕೇಳಲಿಲ್ಲ, ಈಗ ಬರಬೇಡ ಅಂತ ಹೇಳಿ ಕಳಿಸಿದ್ದಾರೆ. ನನಗೆ ಸಿಟ್ಟು ಬಂತು. ಎರಡು ದಿನ ಆ ಸಿಟ್ಟಿನಲ್ಲೇ ಅಮ್ಮನ ಜೊತೆ ಜಗಳವಾಡಿದೆ.

ಮತದಾನದ ಹಿಂದಿನ ದಿನ ಮಧ್ಯಾಹ್ನ ರಂಗಪ್ಪಮಾವನ ಫೋನು ಬಂತು.

“ಪುಷ್ಪಾ, ನಾನು ನಿಂಗೆ ಬಾ ಅಂತ ಹೇಳ್ತಿಲ್ಲ ಕಣಮ್ಮ. ನಿಮ್ಮತ್ತೆ ಆಣೆ ತಗಂಡವ್ರೆ.”

“ಮತ್ಯಾಕೆ ಮಾಡಿದ್ರಿ ಮಾವ?”

“ಸುಮ್ನೆ ವಿಳಾಸ ಓದ್ತೀನಿ, ಕೇಳಿಸ್ಕೋ. ಓದಬಾರ್ದು ಅಂತ ಆಣೆ ಇಲ್ಲ. ನಾನು ಪೋಸ್ಟ್‌ಮನ್ನು, ವಿಳಾಸ ಓದದಿದ್ರೆ ನಂಗೆ ನಿದ್ದೆ ಬರಲ್ಲ.”

ಓದಿದರು. ಫಾರಂ ತುಂಬುವಾಗ ಹಳೆಯ ವಿಳಾಸ ಬರೆದಿದ್ದೆವಲ್ಲ, ಅವೇ. ಉಳಿದವರ ನಾಲ್ಕೂ ತವರುಮನೆಗಳನ್ನು, ಯಾವ ಸ್ಟಾಪಿನಲ್ಲಿ ಇಳಿದು ಯಾವ ಕಡೆ ತಿರುಗಬೇಕು ಅನ್ನುವುದನ್ನೂ ಸೇರಿಸಿ ಓದಿದರು. ನಾನು ಪಂಚಾಂಗದ ಅಂಚಿನಲ್ಲಿ ಬರೆದುಕೊಂಡೆ.

ನಮ್ಮಣ್ಣ ಲೋಕೇಶ ಕುರಿ ಸಾಗಿಸುವ ಸಣ್ಣ ಗೂಡ್ಸ್ ಗಾಡಿ ಇಟ್ಟುಕೊಂಡಿದ್ದ. ವಿಷಯ ಹೇಳಿದೆ. ತಲೆ ಕೆರೆದುಕೊಂಡು, “ಲೇ ಪುಷ್ಪಿ, ನಾಳೆ ಕುರಿ ಸಂತೆ ಕಣೇ” ಅಂದ. ನನ್ನ ಮುಖ ನೋಡಿ ಗಾಡಿ ತೊಳೆಯಲು ಹೋದ. ಅಮ್ಮ ಸುಮ್ಮನಿರಲಿಲ್ಲ.

“ಆಷಾಢದಾಗೆ ಅತ್ತೆ ಮುಖ ನೋಡಕೆ ಹೋಯ್ತೀಯೇನೇ?”

“ಅತ್ತೆ ಮುಖ ನೋಡಕಲ್ಲಮ್ಮ. ಮೆಷಿನ್ ಮುಖ ನೋಡ್ಕಂಡು ವಾಪಸ್ ಬತ್ತೀನಿ. ಮನೆ ಹೊಸಿಲು ಮೆಟ್ಟಲ್ಲ.”

ಬೆಳಗಿನ ಜಾವ ಹೊರಟೆವು. ಗಾಡಿಯನ್ನು ಎಷ್ಟು ತೊಳೆದರೂ ಕುರಿ ವಾಸನೆ ಹೋಗಿರಲಿಲ್ಲ. ಹಿಂದೆ ಜಮಖಾನ ಹಾಸಿ ಮೇಲೆ ತಾಡಪಾಲು ಕಟ್ಟಿದ್ದ. ಯಗಟಿ ಕಡೆ ನೆಲ ಇನ್ನೂ ಒಣಗಿಕೊಂಡೇ ಇತ್ತು, ಗಾಳಿಗೆ ಕೆಂಪು ಧೂಳು ಏಳುತ್ತಿತ್ತು. ಅಜ್ಜಂಪುರ ಮುಟ್ಟುವಾಗ ಕಪ್ಪು ಮಣ್ಣಿನ ಹೊಲಗಳಲ್ಲಿ ಆಗಲೇ ಈರುಳ್ಳಿ ಪೈರಿಗೆ ಹೆಂಗಸರು ಕಳೆ ಕೀಳಲು ಇಳಿದಿದ್ದರು. ಕಾವ್ಯಳೂ ಅವರ ಜೊತೆ ಹೊಲದಲ್ಲೇ ಇದ್ದಳು. ವಿಷಯ ಕೇಳಿ ಕುಡುಗೋಲು ಬದುವಿನ ಮೇಲಿಟ್ಟು, ಮಣ್ಣಿನ ಕೈಯನ್ನು ಲಂಗಕ್ಕೆ ಒರೆಸಿಕೊಂಡು, “ಸೀರೆ ಉಟ್ಕಂಡು ಬತ್ತೀನಿ ತಡಿ” ಅಂತ ಓಡಿದಳು. ಬರುವಾಗ ಮದುವೆಯ ರೇಷ್ಮೆ ಸೀರೆ ಉಟ್ಟು ಬಂದಿದ್ದಳು! ಕುರಿ ಗಾಡಿಯಲ್ಲಿ ರೇಷ್ಮೆ ಸೀರೆ. ಅಣ್ಣ ಕನ್ನಡಿಯಲ್ಲಿ ನೋಡಿ, “ಇನ್ನೂ ನಾಲ್ಕು ಇಂಥವೇ ಹತ್ತಿದ್ರೆ ಪೊಲೀಸ್ನೋರು ಹಿಡೀತಾರೆ ಕಣ್ರಮ್ಮಾ” ಅಂದ.

ಮುಂದಿನ ವಿಳಾಸ ಶಿವನಿ. ಅದು ಸುಮಾಳ ತವರು.

“ಅವ್ಳು ಯಾಕೆ?” ಅಂದಳು ಕಾವ್ಯ. “ಅವರತ್ತೆಗೆ ತಾನೆ ಅವ್ಳು ಹಾಕದು? ನಾವೇ ಹೋಗಿ ಕರ್ಕಂಡು ಬಂದು ನಮ್ ಕಾಲ್ ಮೇಲೆ ನಾವೇ ಕಲ್ ಹಾಕ್ಕಳದಾ?”

ಅವಳು ಹೇಳಿದ್ದು ಸರಿಯಾಗೇ ಇತ್ತು. ಒಂದು ಓಟಿನ ಮೇಲೆ ನಿಂತಿರುವ ವಾರ್ಡು ಅದು. ನಾನು ಅಣ್ಣನಿಗೆ, “ಶಿವನಿ ಬೇಡ, ತರೀಕೆರೆ ಕಡೆ ತಿರುಗ್ಸು” ಅಂದೆ. ಅವನು ತಿರುಗಿಸಿದ. ಒಂದಷ್ಟು ದೂರ ಹೋದೆವು. ನನಗೆ ಸ್ಟುಡಿಯೋದ ಬೆಂಚು ನೆನಪಾಯಿತು. ನಗಬಾರದು ಅಂದಷ್ಟೂ ನಗುತ್ತಿದ್ದ ಸುಮಾಳ ಮುಖ ನೆನಪಾಯಿತು. ಅವಳೂ ನನ್ನ ಹಾಗೇ ಫಾರಂ ತುಂಬಿದವಳು, ಅವಳ ಚೀಟಿಯಲ್ಲೂ ಹೊಸ ಮನೆಯ ನಂಬರಿದೆ. ಅವಳ ಓಟು ಯಾರಿಗೆ ಹೋಗುತ್ತದೆ ಅಂತ ನಾನು ಮೊದಲೇ ತೀರ್ಮಾನ ಮಾಡಿ ಅವಳನ್ನು ಬಿಟ್ಟು ಹೋಗುತ್ತಿದ್ದೇನೆ. ನನ್ನನ್ನು ಯಾರೂ ಕೇಳಲಿಲ್ಲ ಅಂತ ಎರಡು ದಿನ ಸಿಟ್ಟು ಮಾಡಿದವಳು ನಾನೇ.

“ಅಣ್ಣಾ, ವಾಪಸ್ ತಿರುಗ್ಸು.”

“ಲೇ, ನೆಟ್ಟಗೆ ಒಂದು ಮಾತು ಹೇಳೇ!” ಅಂತ ಬೈದು ತಿರುಗಿಸಿದ. ಕಾವ್ಯ ಮುಖ ಊದಿಸಿಕೊಂಡು ಕೂತಳು.

ಶಿವನಿ ಸ್ಟೇಷನ್ನಿನ ಹಿಂದಿನ ಮನೆ. ಸುಮಾ ಹೊರಗೆ ಪಾತ್ರೆ ತೊಳೆಯುತ್ತಿದ್ದಳು. ಗಾಡಿಯಿಂದ ಇಳಿದ ನನ್ನನ್ನು ನೋಡಿ ಬೂದಿ ಕೈಯಲ್ಲೇ ಎದ್ದು ನಿಂತಳು. ವಿಷಯ ಹೇಳಿದೆ. ಅವಳು ಬೂದಿ ಕೈಯನ್ನು ನೀರಿಗೆ ಅದ್ದಿ ತೊಳೆದುಕೊಂಡಳು. ಆಮೇಲೆ, “ನಂದೂ ಒಂದು ಓಟು ಅದೆ ಅಂತ ನಿಮ್ಗೆ ನೆಪ್ಪಿತ್ತಾ ಅಕ್ಕಾ?” ಅಂದಳು. ಸ್ವಲ್ಪ ಹೊತ್ತಿನ ಹಿಂದೆ ಮರೆಯಲು ಹೊರಟಿದ್ದೆ ಅಂತ ನಾನು ಹೇಳಲಿಲ್ಲ. ನಾಚಿಕೆಯಾಯಿತು, ಅದಕ್ಕಿಂತ ಹೆಚ್ಚಾಗಿ ಸಮಾಧಾನವಾಯಿತು. ಅವಳು ಗಾಡಿ ಹತ್ತಿದ ಮೇಲೆ ಕಾವ್ಯಳ ಊದಿದ ಮುಖವೂ ಹೆಚ್ಚು ಹೊತ್ತು ಉಳಿಯಲಿಲ್ಲ, ಸುಮಾಳ ಮುಂದೆ ನಗದೆ ಇರುವುದು ಯಾರಿಂದಲೂ ಆಗದ ಕೆಲಸ.

ತರೀಕೆರೆಗೆ ಬರುವಷ್ಟರಲ್ಲಿ ಮಳೆ ಹಿಡಿಯಿತು. ಅಕ್ಕತಂಗಿಯರು ಒಂದೇ ಛತ್ರಿಯಲ್ಲಿ ಬಂದು ಹತ್ತಿದರು, ಅವರಮ್ಮ ಒಂದು ಡಬ್ಬಿ ಕೋಡುಬಳೆ ಕೊಟ್ಟರು. ಲಿಂಗದಹಳ್ಳಿ ದಾಟಿ ಬೆಟ್ಟದ ದಾರಿ ಹಿಡಿದಾಗ ಮಳೆ, ಮಂಜು, ಜಿಗಣೆ ಮೂರೂ ಒಟ್ಟಿಗೆ ಸಿಕ್ಕವು. ಗಾಡಿ ಒಂದು ಕಡೆ ಕೆಸರಿನಲ್ಲಿ ಹೂತುಕೊಂಡಿತು. ರೇಷ್ಮೆ ಸೀರೆಯ ಕಾವ್ಯಳೂ ಸೇರಿ ನಾಲ್ಕು ಜನ ಸೆರಗು ಸಿಕ್ಕಿಸಿಕೊಂಡು ತಳ್ಳಿದರು, ನಾನು ಮುಂದೆ ನಿಂತು ಹೇಗೆ ತಳ್ಳಬೇಕು ಅಂತ ಹೇಳಿದೆ. ಇದನ್ನು ಅವರು ಇವತ್ತಿಗೂ ಮರೆತಿಲ್ಲ. ಜಾನಕಿಯ ಮನೆಗೆ ಫೋನು ಸಿಗುತ್ತಿರಲಿಲ್ಲ, ಹಾಗಾಗಿ ನಾವು ಬರುವುದು ಗೊತ್ತಿರಲಿಲ್ಲ. ಐದು ಜನ ಒದ್ದೆ ಹೆಂಗಸರು ಅಂಗಳಕ್ಕೆ ನುಗ್ಗಿದ್ದು ನೋಡಿ ಅವರಜ್ಜಿ ಗಾಬರಿಯಾಗಿ ಯಾರೋ ಸತ್ತರೆಂದು ಅಳಲು ಶುರು ಮಾಡಿದರು. ಚುನಾವಣೆ ಅಂತ ತಿಳಿದ ಮೇಲೆ ಅಳು ನಿಲ್ಲಿಸಿ, ಅಕ್ಕಿ ರೊಟ್ಟಿ ತಿನ್ನದೆ ಒಬ್ಬರೂ ಅಲುಗಬಾರದು ಎಂದರು. ತಿಂದೆವು. ಅಲ್ಲಿ ಮುಕ್ಕಾಲು ಗಂಟೆ ಹೋಯಿತು.

ಆ ಮುಕ್ಕಾಲು ಗಂಟೆ ನಮ್ಮ ಜೀವ ತಿಂದಿತು. ಮತದಾನ ಐದಕ್ಕೆ ಮುಗಿಯುತ್ತದೆ. ಬೀರೂರು ದಾಟುವಾಗ ನಾಲ್ಕು ಗಂಟೆ ಆಗಿಹೋಗಿತ್ತು. ಕಡೂರಿನೊಳಗೆ ಬಂದು ನಮ್ಮ ಬೀದಿಗೆ ಇನ್ನೇನು ತಿರುಗಬೇಕು, ಗೇಟು ಬಿತ್ತು. ಗೇಟಿನ ಆಚೆ ಕಣ್ಣಿಗೆ ಕಾಣುವಷ್ಟು ದೂರದಲ್ಲಿ ಮತಗಟ್ಟೆಯ ಶಾಲೆ, ಶಾಲೆಯ ಮುಂದೆ ಜನ. ಈಚೆ ನಾವು ಆರು ಜನ, ಗಾಡಿಯ ಕಂಬಿ ಹಿಡಿದು. ಒಂದು ಎಕ್ಸ್‌ಪ್ರೆಸ್ಸು ಹೋಯಿತು. ಗೇಟು ತೆರೆಯಲಿಲ್ಲ. ಎದುರು ಕಡೆಯಿಂದ ಗೂಡ್ಸು ಬರುವುದಿತ್ತು.

“ನಾನು ಇಷ್ಟು ದಿನ ಬಿಂದಿಗೆ ಹೊತ್ಕಂಡು ಈ ಗೇಟಿಗೆ ಹಾಕಿದ ಶಾಪ ಎಲ್ಲ ಇವತ್ತು ಒಂದೇ ಸಲ ಹಾಕ್ತೀನಿ” ಅಂದಳು ತರೀಕೆರೆಯ ಅಕ್ಕ. ಗೂಡ್ಸು ಬಂತು. ಅಷ್ಟು ಉದ್ದದ ಗೂಡ್ಸನ್ನು ನಾನು ಆಮೇಲೆ ಎಂದೂ ನೋಡಿಲ್ಲ. ಗೇಟು ಎದ್ದಾಗ ಐದಕ್ಕೆ ಹತ್ತು ನಿಮಿಷ ಇತ್ತು.

ಶಾಲೆಯಿಂದ ನೂರು ಮೀಟರಿಗೆ ಸುಣ್ಣದ ಗೆರೆ ಹಾಕಿದ್ದರು. ಗೆರೆಯ ಹೊರಗೆ, ರಸ್ತೆಯ ಆ ಬದಿಗೆ ಶಾರದಮ್ಮ ಕಡೆಯವರು, ಈ ಬದಿಗೆ ನಮ್ಮತ್ತೆ, ರಂಗಪ್ಪಮಾವ. ಕುರಿ ಗಾಡಿ ಬಂದು ನಿಂತು, ತಾಡಪಾಲು ಸರಿಸಿ ಒಬ್ಬೊಬ್ಬರಾಗಿ ಆ ವರ್ಷದ ಸೊಸೆಯರೆಲ್ಲ ಇಳಿದಾಗ ಇಡೀ ರಸ್ತೆ ಮಾತು ನಿಲ್ಲಿಸಿತು. ರಂಗಪ್ಪಮಾವ, “ನಾನು ಯಾರಿಗೂ ಬನ್ನಿ ಅಂದಿಲ್ಲ ಕಣ್ರೀ, ಆಣೆಗೂ ಅಂದಿಲ್ಲ!” ಅಂತ ಯಾರೂ ಕೇಳುವ ಮೊದಲೇ ಕೂಗಿದರು.

ಐದನೆಯವಳಾಗಿ ಸುಮಾ ಇಳಿದಳು. ಶಾರದಮ್ಮ ಕೈ ಬಾಯಿಗೆ ಹಿಡಿದುಕೊಂಡರು. ನಮ್ಮ ಗಾಡಿಯಿಂದ ತಮ್ಮ ಸೊಸೆ!

ಆಗ ಯಾರೋ ಹಿಂದಿನಿಂದ ಕೇಳಿಬಿಟ್ಟರು. “ಅಲ್ಲ ಕಣ್ರೀ, ಅತ್ತೇರು ಬೆಳಿಗ್ಗೆನೇ ಓಟ್ ಹಾಕವ್ರೆ. ಶಾಲೆ ಬಾಗ್ಲು ಒಂದೇ ಅಲ್ವಾ? ಈಗ ಸೊಸೇರು ಅದೇ ಹೊಸಿಲು ದಾಟಿದ್ರೆ?”

 ಕಾವ್ಯ ಒಂದು ಹೆಜ್ಜೆ ಹಿಂದೆ ಸರಿದಳು. ಅಷ್ಟು ಬೆಟ್ಟ, ಅಷ್ಟು ಕೆಸರು, ಅಷ್ಟು ಉದ್ದದ ಗೂಡ್ಸು ದಾಟಿ ಬಂದು ಒಂದು ಹೊಸಿಲಿಗೆ ಸಿಕ್ಕಿಬಿದ್ದೆವು. ಆಗ ಮುಂದೆ ಬಂದವರು ಶಾರದಮ್ಮ. ಬಳೆ ತೊಡಿಸುವಾಗ ಹೇಗೆ ಮಾತಾಡುತ್ತಾರೋ ಹಾಗೇ, ಆತುರವಿಲ್ಲದೆ ಹೇಳಿದರು.

“ಎಲ್ಲೈತ್ರೀ ಹೊಸಿಲು? ಕೈಲಾಗದೋರ ಗಾಲಿ ಕುರ್ಚಿ ಹೋಗಕೆ ಅಂತ ಹೊಸಿಲ ಮೇಲೆ ಹಲಗೆ ಹಾಸಿ ಮುಚ್ಚವ್ರೆ. ಇಳಿಜಾರು ದಾರಿ ಅದು. ದಾರೀಲಿ ಅತ್ತೇನೂ ನಡೀಬೋದು, ಸೊಸೇನೂ ನಡೀಬೋದು. ನಡೀರೇ, ಟೈಮಾಯ್ತು!”

ಆರೂ ಜನ ಓಡಿದೆವು. ಓಡುವಾಗ ಒಂದು ಸಲ ತಿರುಗಿ ನೋಡಿದೆ. ಎಲ್ಲರೂ ನಮ್ಮನ್ನೇ ನೋಡುತ್ತಿದ್ದರು, ನಮ್ಮತ್ತೆ ಒಬ್ಬರು ಬಿಟ್ಟು. ಅವರು ಬೆನ್ನು ತಿರುಗಿಸಿ ಗೇಟಿನ ಕಡೆ ಮುಖ ಮಾಡಿ ನಿಂತಿದ್ದರು.

ಬೆರಳಿಗೆ ಶಾಯಿ ಹಾಕಿದರು. ರಟ್ಟಿನ ಮರೆಯ ಹಿಂದೆ ಹೋದೆ. ಫ್ಯಾನಿತ್ತು, ಹೊಲಿಗೆ ಯಂತ್ರವಿತ್ತು. ಒತ್ತಿದೆ. ಮೆಷಿನ್ನು ಕೂಗಿತು. ಹೊರಗೆ ಬರುವಾಗ ತಲೆಯಲ್ಲಿ ಒಂದೇ ಯೋಚನೆ. ಮೊದಲ ಓಟಿನದಲ್ಲ, ಆ ತಿರುಗಿದ ಬೆನ್ನಿನದು. ಮಾತು ಮೀರಿ ಬಂದೆ ಅಂತ ಕೋಪವೇ? ಶಾರದಮ್ಮನ ಸೊಸೆಯನ್ನು ಕರೆತಂದೆ ಅಂತ ಕೋಪವೇ? ಕೇಳುವ ಹಾಗಿರಲಿಲ್ಲ, ಮನೆಗೆ ಹೋಗುವ ಹಾಗಿರಲಿಲ್ಲ. ಅಣ್ಣನ ಗಾಡಿಯಲ್ಲಿ ಯಗಟಿಗೆ ವಾಪಸ್ಸಾದೆ. ಉಳಿದವರು ಬಸ್ಸು, ರೈಲು ಹಿಡಿದರು.

ಎಣಿಕೆಗೆ ಮೂರು ದಿನ ಇತ್ತು. ಆ ಮೂರು ದಿನ ನಾನು ಊಟ ಮಾಡಿದೆನೋ ಇಲ್ಲವೋ ನೆನಪಿಲ್ಲ. ಸುಮಾಳನ್ನು ಕರೆದುಕೊಂಡು ಬಂದದ್ದಕ್ಕೆ ಒಂದು ಓಟಿನಲ್ಲಿ ಸೋತರೆ ಆ ಮನೆಯಲ್ಲಿ ನಾನು ಹೇಗೆ ಬಾಳುವುದು ಅಂತ ಅಮ್ಮ ದಿನವೂ ಕೇಳುತ್ತಿದ್ದರು. ನಾಲ್ಕನೇ ದಿನ ಬೆಳಿಗ್ಗೆ ನಮ್ಮನೆಯವರು ಫೋನು ಮಾಡಿದರು. ಹಿಂದೆ ತಮಟೆ ಸದ್ದು. “ಎರಡೇ ಓಟು ಕಣೇ!” ಅಂದರು. ಗೆದ್ದದ್ದೋ ಸೋತದ್ದೋ ಹೇಳದೆ ಇಟ್ಟುಬಿಟ್ಟರು! ಇಂಥ ಗಂಡನನ್ನು ಏನು ಮಾಡಬೇಕು? ಮತ್ತೆ ಮಾಡಿದರೆ ಎತ್ತಲಿಲ್ಲ. ರಂಗಪ್ಪಮಾವ ಎತ್ತಿದರು, ಅಳುತ್ತಿದ್ದರು. ಅಳುತ್ತಲೇ, “ಗೆದ್ವು ಕಣಮ್ಮ, ಫ್ಯಾನ್ ತಿರುಗ್ತು” ಅಂದರು.

ಆ ಎರಡು ಓಟಿನಿಂದ ಗೇಟ್ ವಾರ್ಡಿಗೆ ಐದು ವರ್ಷ ಒಬ್ಬ ಸದಸ್ಯೆ ಸಿಕ್ಕರು. ಎರಡು ಕಡೆಯ ಪೈಪುಗಳ ನಡುವೆ ಲೈನು ಎಳೆಸಿದರು. ಅದಕ್ಕೆ ಎರಡು ವರ್ಷ ಓಡಾಡಿದರು, ಅದು ಬೇರೆ ಕಥೆ. ನೀರು ಬಂದ ದಿನ ನಲ್ಲಿಯನ್ನು ತಾವು ತಿರುಗಿಸದೆ ಶಾರದಮ್ಮನ ಕೈಯಲ್ಲಿ ತಿರುಗಿಸಿದರು. ಮುಂದಿನ ಚುನಾವಣೆ ಬರುವ ಹೊತ್ತಿಗೆ ಹೊಸ ಗೆರೆಗಳು ಬಂದು ವಾರ್ಡೇ ಮಾಯವಾಯಿತು. ಲೈನು ಮಾತ್ರ ಉಳಿಯಿತು.

ಗೆದ್ದ ದಿನ ಮಧ್ಯಾಹ್ನ ಯಗಟಿಯ ಬಸ್ಸಿನಿಂದ ನಮ್ಮತ್ತೆ ಇಳಿದರು. ಒಬ್ಬರೇ. ಕೊರಳಲ್ಲಿ ಹಾರ ಇರಲಿಲ್ಲ, ಸೀರೆಯ ಮೇಲೆ ಗುಲಾಲು ಇತ್ತು. ಅಂಗಳಕ್ಕೆ ಬಂದರು. ಅಮ್ಮ ಓಡಿಹೋಗಿ ಒಳಗೆ ಕರೆದರು.

“ಬ್ಯಾಡ ಬೀಗ್ತೀರೆ. ಸೊಸೆ ಇರೋ ಹೊಸಿಲು, ಆಷಾಢ ಕಳೀಲಿ” ಅಂದು ಜಗಲಿಯ ತುದಿಯಲ್ಲಿ ಕೂತರು. ನಾನು ಬಾಗಿಲ ಒಳಗೆ ನಿಂತೆ. ಅಮ್ಮ ಮಜ್ಜಿಗೆ ತರಲು ಹೋದರು.

ಅತ್ತೆ ಸೀರೆಯ ಮೇಲಿನ ಗುಲಾಲು ಕೊಡವಿಕೊಂಡರು. ಆಮೇಲೆ ನನ್ನ ಕಡೆ ನೋಡದೆ ಮಾತಾಡಿದರು. ಅವರು ಅಷ್ಟು ಮಾತಾಡಿದ್ದನ್ನು ನಾನು ಅದೇ ಮೊದಲು ಕೇಳಿದ್ದು.

“ಶಾರದಿ ಬಂದು ಕೈ ಹಿಡ್ಕಂಡ್ಲು ಕಣೇ. ನಿನ್ ಸೊಸೆ ನನ್ ಸೊಸೇನ ಬಿಟ್ ಬಂದಿದ್ರೆ ಈ ಗೆಲುವ ನಾನು ಜನ್ಮದಾಗೆ ಒಪ್ತಿರಲಿಲ್ಲ ಅಂದ್ಲು.”

“ನೀವು ಅವತ್ತು ಮುಖ ತಿರುಗಿಸ್ಕಂಡ್ರಿ” ಅಂದೆ. ಅಂದುಬಿಟ್ಟೆ.

“ಇನ್ನೇನ್ ಮಾಡ್ಲಿ? ಆ ಕುರಿ ಗಾಡೀಲಿ ನಿನ್ ನೋಡಿ ಅಳು ಬಂದ್ಬಿಡ್ತು. ಶಾರದಿ ಮುಂದೆ ಅಳಾಕಾಯ್ತದಾ?”

 ಕೇಳಬೇಕಾದದ್ದು ಇನ್ನೊಂದು ಉಳಿದಿತ್ತು. “ಊರೋರ್ನೆಲ್ಲ ಓಟ್ ಕೇಳಿದ್ರಿ. ನನ್ನ ಯಾಕೆ ಕೇಳಲಿಲ್ಲ ಅತ್ತೆ?”

“ಸೊಸೇನ ಕೇಳಿದ್ರೆ ಅದು ಕೇಳಿದಂಗಲ್ಲ ಕಣೇ, ಹೇಳಿದಂಗೆ. ಇಲ್ಲ ಅನ್ನಾಕೆ ನಿಂಗೆ ಬಾಯಿ ಬತ್ತಿತ್ತಾ? ಬೇರೇರು ಮನಸಿದ್ರೆ ಹಾಕ್ತಾರೆ, ಇಲ್ದಿದ್ರೆ ಬಿಡ್ತಾರೆ. ನಿಂಗೂ ಹಂಗೇ ಇರ್ಲಿ ಅಂತ ಬಿಟ್ಟೆ.” ಆಗ ತಿರುಗಿ ನನ್ನನ್ನು ನೋಡಿದರು. ನಿಧಾನಕ್ಕೆ ತಲೆ ಆಡಿಸಿದರು. “ಈಗ ಗೆದ್ದಾಯ್ತಲ್ಲ, ಈಗ ಕೇಳ್ಬೋದು. ನಂಗೇ ತಾನೆ ಹಾಕಿದ್ದು?”

ಎಲ್ಲಿಂದ ಧೈರ್ಯ ಬಂತೋ ಗೊತ್ತಿಲ್ಲ.

“ಹೇಳಾಕಾಗಲ್ಲ ಅತ್ತೆ. ಗುಟ್ಟಿನ ಮತದಾನ. ಯಾರು ಕೇಳಿದ್ರೂ ಹೇಳಬಾರ್ದು ಅಂತ ರಂಗಪ್ಪಮಾವ ಹೇಳ್ಕೊಟ್ಟವ್ರೆ.”

ಅವರ ಹುಬ್ಬು ಮೇಲೇರಿತು.  ಆಮೇಲೆ ಅವರು ನಕ್ಕರು. ಮೊದಲು ಭುಜ ಕುಣಿಯಿತು, ಆಮೇಲೆ ಸದ್ದು ಬಂತು. ಗಿರಣಿಯ ಸದ್ದಿನ ಮೇಲೆ ಕೇಳಿಸುವ ಹಾಗೆ ಜೋರಾಗಿ ನಕ್ಕರು. ಮಜ್ಜಿಗೆ ತಂದ ಅಮ್ಮ ಬಾಗಿಲಲ್ಲೇ ನಿಂತುಬಿಟ್ಟರು. ಹೊಸಿಲಿನ ಆಚೆ ಅವರು, ಈಚೆ ನಾನು, ಇಬ್ಬರೂ ಕಣ್ಣೀರು ಬರುವವರೆಗೆ ನಕ್ಕೆವು.

ಈಗಲೂ ಕರೆಂಟು ಹೋಗಿ ಗಿರಣಿ ನಿಂತಾಗ ಕೇಳುತ್ತಾರೆ. “ಈಗಾದ್ರೂ ಹೇಳೇ, ವಾರ್ಡೇ ಇಲ್ವಲ್ಲ.” ನಾನು ಇನ್ನೂ ಹೇಳಿಲ್ಲ.